ಒಣ ಅಂಗಿಯ ಬೀಗ

ದುರುಗಮ್ಮ ತಪ್ಪು ಮಾಡಿದ್ದು ನಿಜ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ಆಮೇಲೆ ಮುಚ್ಚಿಟ್ಟರು ಅಂತ ಯಾರೂ ಅನ್ನಬಾರದು. ರಾಯಚೂರಿನ ಗಂಜ್ ಮಾರುಕಟ್ಟೆಯ ಹಿಂದಿದ್ದ ಹತ್ತಿ ಮಿಲ್ಲಿನ ಅಂಗಳದಲ್ಲಿ, ಮಟಮಟ ಮಧ್ಯಾಹ್ನ, ಎಲ್ಲರ ಕಣ್ಣೆದುರು, ಆಕೆ ತನ್ನ ಮೇಸ್ತ್ರಿಯ ತಲೆಯ ಮೇಲೆ ಒಂದು ಕೊಡ ಕೆಂಪು ನೀರು ಸುರಿದಳು. ಮಿಲ್ಲಿನವರು ಆಕೆಯನ್ನು ಕೆಲಸದಿಂದ ಕಿತ್ತು ಹಾಕಿದರು. ಸುರಿದದ್ದೂ ನಿಜ, ಕಿತ್ತು ಹಾಕಿದ್ದೂ ನಿಜ. ಜಗಳ ಇದ್ದದ್ದೆಲ್ಲ ಆ ಎರಡರ ನಡುವಿನ ತೂಕದ ಬಗ್ಗೆ.

ಮೇಸ್ತ್ರಿಯ ಹೆಸರು ಸೂಗಪ್ಪ, ಮಾನ್ವಿಯವನು. ದುರುಗಮ್ಮ ದೇವದುರ್ಗ ತಾಲ್ಲೂಕಿನ ಮಸರಕಲ್ಲಿನವಳು. ಇಬ್ಬರೂ ಹೊಟ್ಟೆಪಾಡಿಗೆ ರಾಯಚೂರಿಗೆ ಬಂದು ಅದೇ ಮಿಲ್ಲು ಸೇರಿದ್ದರು. ಆಕೆ ಬೀಜ ಬಿಡಿಸುವ ಜಿನ್ನಿನ ಬಾಯಿಗೆ ಹತ್ತಿ ಹಾಕುತ್ತಿದ್ದಳು, ಅವನು ಒತ್ತಿ ಕಟ್ಟಿದ ಅರಳೆಯ ಬೇಲು ಹೊರುತ್ತಿದ್ದ. ಗಂಡ ತೀರಿಕೊಂಡ ಮೇಲೆ ಮಗಳು ಪಾರ್ವತಿಯನ್ನು ಆಕೆ ಸಾಕಿದ್ದು ಆ ಜಿನ್ನಿನ ಧೂಳಿನಲ್ಲೇ. ಉಳಿದ ಹೆಂಗಸರೆಲ್ಲ ಹತ್ತಿ ಬರುವ ಹಂಗಾಮಿಗೆ ಬಂದು ಹಂಗಾಮು ಮುಗಿದರೆ ಮನೆಗೆ ಹೋಗುವವರು. ದುರುಗಮ್ಮನ ಹೆಸರು ಮಾತ್ರ ಕಾಯಂ ಹಾಜರಿಯಲ್ಲಿತ್ತು. ಆ ಹೆಸರನ್ನು ಅಲ್ಲಿ ಸೇರಿಸಲು ಆಕೆ ಎಷ್ಟು ವರ್ಷ ಬಾಯಿ ಮಾಡಿದ್ದಳೋ ದೇವರಿಗೇ ಗೊತ್ತು. ಬದನೆಕಾಯಿ ಚೌಕಾಸಿ ಮಾಡುವಾಗಲೂ "ನಾ ಪರ್ಮನೆಂಟ್ ಅದೀನಿ, ನಾಳಿಗೂ ಇಲ್ಲೇ ಇರ್ತೀನಿ, ನನಗ ಮೋಸ ಮಾಡಬ್ಯಾಡ" ಅನ್ನುತ್ತಿದ್ದಳು.

ಎಪ್ಪತ್ತೆಂಟರ ಮಾಘದಲ್ಲಿ ಪಾರ್ವತಿಯನ್ನು ಸೂಗಪ್ಪನ ಮಗ ವೆಂಕೋಬನಿಗೆ ಕೊಟ್ಟು ಮಸರಕಲ್ಲಿನಲ್ಲಿ ಮದುವೆಯಾಯಿತು. ಬೇಲು ಹೊರುತ್ತಿದ್ದ ಸೂಗಪ್ಪ ಅದೇ ತಿಂಗಳು ಮೇಸ್ತ್ರಿಯಾಗಿದ್ದ. ಮದುವೆ ಚೆನ್ನಾಗಿಯೇ ನಡೆಯಿತು. ಊಟವಾಯಿತು, ಹಾಡಾಯಿತು, ಬೀಗರ ಎಲೆ ಅಡಿಕೆಯಲ್ಲಿ ಖಾರದಪುಡಿ ಇಟ್ಟದ್ದೂ ಆಯಿತು. ಉಳಿದದ್ದು ಓಕುಳಿ. ಅರಿಷಿಣಕ್ಕೆ ಸುಣ್ಣ ಕಲಸಿದರೆ ರಕ್ತದ ಹಾಗೆ ಕೆಂಪಾಗುವ ನೀರು. ಹೆಣ್ಣಿನ ತಾಯಿ ಅದನ್ನು ಹಿಡಿದು ಬೀಗನ ಬೆನ್ನು ಹತ್ತಬೇಕು, ಬೀಗ ಓಡಿದಂತೆ ಮಾಡಿ ಸಿಕ್ಕಿಬೀಳಬೇಕು, ತೊಯ್ದು ತೊಪ್ಪೆಯಾಗಿ, ಬೈಯುತ್ತಾ ನಗುತ್ತಾ ತನ್ನ ಊರಿನ ಬಸ್ಸು ಹತ್ತಬೇಕು. ಆ ಕಡೆಯ ಜನಕ್ಕೆ ಉಣ್ಣದೆ ಹೋದ ಬೀಗನಿಗಿಂತ ತೊಯ್ಯದೆ ಹೋದ ಬೀಗ ದೊಡ್ಡ ಅಪಮಾನ.

ದುರುಗಮ್ಮ ಓಕುಳಿ ಕಲಸುತ್ತಿದ್ದಾಗಲೇ ಮಿಲ್ಲಿನ ಲಾರಿ ಬಂತು. ಬೇಲು ಕಟ್ಟುವ ಪ್ರೆಸ್ ಕೆಟ್ಟು ನಿಂತಿದೆ, ಮೇಸ್ತ್ರಿ ಈಗಿಂದೀಗ ಬರಬೇಕಂತೆ, ಮಿಲ್ಲು ನಡೆಸುತ್ತಿದ್ದ ಸಣ್ಣ ಧಣಿಯ ಹುಕುಂ. ಹೊಸ ಮೇಸ್ತ್ರಿಗೆ ಹುಕುಂ ಅಂದರೆ ಕೇಳಬೇಕೇ? ಸೂಗಪ್ಪ ಚಪ್ಪಲಿಯನ್ನು ಕೈಯಲ್ಲಿ ಹಿಡಿದುಕೊಂಡೇ ಲಾರಿ ಹತ್ತಿದ. ದುರುಗಮ್ಮ ಕೊಡ ಎತ್ತಿಕೊಂಡು ಬಾಗಿಲಿಗೆ ಬರುವಷ್ಟರಲ್ಲಿ ಅಲ್ಲಿ ಧೂಳು ಮಾತ್ರ ಇತ್ತು.

ಸೂಗಪ್ಪನ ತಾಯಿ ಮುದುಕಮ್ಮ ಮಾನ್ವಿಯಲ್ಲಿ ಇದ್ದಳು. ಆಗ ಸೊಂಟ ಹಿಡಿದುಕೊಂಡಿದ್ದರಿಂದ ಮದುವೆಗೆ ಬಂದಿರಲಿಲ್ಲ. ಮಗ ವಾರದ ಮೇಲೆ ಊರಿಗೆ ಹೋದಾಗ ಆಕೆ ಕೇಳಿದ ಮೊದಲ ಮಾತು, "ಮದಿವಿ ಅಂಗಿ ತೋರಸಲೇ." ಅಂಗಿ ಬೆಳ್ಳಗೆ ಇತ್ತು. ಮುದುಕಿ ಅದನ್ನು ತಿರುವಿ ಮುರುವಿ ನೋಡಿದಳು, ಒಂದು ಹನಿ ಕೆಂಪಿಲ್ಲ. ಮಾರನೆಯ ದಿನವೇ ಮಾನ್ವಿಯಿಂದ ಮಸರಕಲ್ಲಿಗೆ, ಮಸರಕಲ್ಲಿನಿಂದ ರಾಯಚೂರಿಗೆ ಮಾತು ಬಂತು: "ನನ್ನ ಮಗ ಒಣ ಅಂಗಿಲೆ ಬಂದಾನ. ನಮ್ಮ ಮ್ಯಾಲ ನಿಮಗ ಮನಸಿಲ್ಲಂದ್ರ ಬಾಯಿ ಬಿಟ್ಟು ಹೇಳ್ರಿ."

ದುರುಗಮ್ಮನಿಗೆ ಅನ್ನ ಇಳಿಯಲಿಲ್ಲ. ಕೊಟ್ಟ ಮನೆಯಲ್ಲಿ ಮಗಳು ತಲೆ ಎತ್ತಿ ತಿರುಗುವುದು ಹೇಗೆ? ಸೂಗಪ್ಪನ ಮನೆಗೇ ಹೋಗಿ ಹಾಕೋಣವೆಂದರೆ ಬೀಗನ ಮನೆಯಲ್ಲಿ ಬೀಗನಿಗೆ ಓಕುಳಿ ಹಾಕುವಂತಿಲ್ಲ, ಅದು ಬೇರೆ ತಪ್ಪು. ತನ್ನ ಗುಡಿಸಲಿಗೆ ಕರೆದರೆ ಹಂಗಾಮಿನ ಗಡಿಬಿಡಿಯಲ್ಲಿ ಅವನು ಬರಲಿಲ್ಲ. ಇಬ್ಬರೂ ದಿನವಿಡೀ ಇರುವ ಜಾಗ ಒಂದೇ.

ಸೋಮವಾರ ಆಕೆ ತಾಮ್ರದ ಕೊಡಕ್ಕೆ ಬಟ್ಟೆ ಕಟ್ಟಿ ಮಿಲ್ಲಿಗೆ ತಂದಳು. ಗೇಟಿನಲ್ಲಿದ್ದ ಪೀರಾ ಸಾಬ್, "ಏನದು ದುರುಗಮ್ಮ?" ಎಂದ.

"ಬೀಗರ ಔಷಧ," ಎಂದಳು.

ಪೀರಾ ಸಾಬನ ಇಬ್ಬರು ಹೆಣ್ಣುಮಕ್ಕಳ ಮದುವೆಯಾಗಿತ್ತು. ಅವನು ಮುಸಿಮುಸಿ ನಗುತ್ತಾ ಬೇರೆ ಕಡೆ ಮುಖ ತಿರುಗಿಸಿದ.

ಊಟದ ಹೊತ್ತಿಗೆ ಸೂಗಪ್ಪ ಅಂಗಳಕ್ಕೆ ಬಂದ. ಬೆಳ್ಳನೆ ಧೋತರ, ಬೆಳ್ಳನೆ ಅಂಗಿ, ತಲೆಗೆ ಹೊಸ ಟೊಪ್ಪಿಗೆ. ದುರುಗಮ್ಮನಿಗೆ ಅವನೊಬ್ಬನೇ ಕಂಡ. ಅವನ ಬೆನ್ನ ಹಿಂದೆ ಬಿಳಿ ಬಟ್ಟೆ ಹಾಸಿ, ಅರಳೆ ಹರವಿ, ಸಣ್ಣ ಧಣಿ ಮುಂಬಯಿಯಿಂದ ಬಂದ ಖರೀದಿದಾರರಿಗೆ ಮಾಲು ತೋರಿಸುತ್ತಿದ್ದದ್ದು ಕಾಣಲಿಲ್ಲ. "ತಗೋರಿ ಬೀಗರ, ನಿಮ್ಮ ಬಾಕಿ!" ಎಂದು ಕೂಗಿ ಕೊಡ ಬೋರಲು ಹಾಕಿದಳು.

ಹೆಂಗಸರೆಲ್ಲ ಹೋ ಎಂದು ಚಪ್ಪಾಳೆ ತಟ್ಟಿದರು. ಆಕೆಯ ಜೊತೆಗಾತಿ ನೂರ್ ಬೀ ಸೆರಗು ಬಾಯಿಗಿಟ್ಟುಕೊಂಡು ನೆಲಕ್ಕೆ ಕುಳಿತು ನಕ್ಕಳು. ಸೂಗಪ್ಪನ ಮೀಸೆಯಿಂದ ಕೆಂಪು ನೀರು ತೊಟ್ಟಿಕ್ಕಿತು. ಅವನ ಮುಖದಲ್ಲಿ ಒಂದು ನಗು ಎದ್ದು ಬರುತ್ತಿತ್ತು. ಅಷ್ಟರಲ್ಲಿ ಹಿಂದಿನಿಂದ ಸಣ್ಣ ಧಣಿಯ ದನಿ ಕೇಳಿತು. ಹರವಿದ ಅರಳೆಯ ಮೇಲೆ ಕೆಂಪು ಹನಿಗಳು ಸಿಡಿದಿದ್ದವು. ಹತ್ತಿ ಮಿಲ್ಲಿನಲ್ಲಿ ಅರಳೆಗೆ ನೀರು ಬಿತ್ತೆಂದರೆ ಹಬ್ಬದಡಿಗೆಗೆ ನಾಯಿ ಬಾಯಿ ಹಾಕಿದ ಹಾಗೆ. ಸೂಗಪ್ಪನ ನಗು ಹಾಗೇ ಒಳಗೆ ಹೋಯಿತು.

ಅದೇ ಸಂಜೆ ಮೇಸ್ತ್ರಿಯ ಸಹಿಯಿದ್ದ ದೂರು ತಯಾರಾಯಿತು: ಮೇಲಿನವರ ಮೇಲೆ ಕೈ ಮಾಡಿದ್ದು, ಮಾಲು ಕೆಡಿಸಿದ್ದು, ಶಿಸ್ತು ಮುರಿದದ್ದು. ಆಫೀಸಿನಲ್ಲಿ ವಿಚಾರಣೆ ಮಾಡಿದರು. ನೀರು ಹಾಕಿದ್ದು ಹೌದೋ ಅಲ್ಲವೋ ಎಂದು ಕೇಳಿದರೆ ದುರುಗಮ್ಮ, "ಹೌದ್ರಿ, ತುಂಬಿದ ಕೊಡ," ಎಂದಳು. ಅಷ್ಟು ಸಾಕಾಯಿತು. ಹಾಜರಿಯಿಂದ ಆಕೆಯ ಹೆಸರು ಹೊಡೆದು ಹಾಕಿದರು.

ಗುಲಾಮ್ ದಸ್ತಗೀರ್ ಕಾರ್ಮಿಕ ಸಂಘದ ಸೆಕ್ರೆಟರಿ. ತೀನ್ ಕಂದೀಲ್ ವೃತ್ತದ ಹತ್ತಿರ ಒಂದು ಅಟ್ಟದ ಕೋಣೆ ಅವನ ಆಫೀಸು. ದುರುಗಮ್ಮ ತಂದ ವಿಚಾರಣೆಯ ಕಾಗದ ಓದಿ ಅವನು ಹಣೆ ಹಣೆ ಬಡಿದುಕೊಂಡ.

"ಅರೆ ಅಕ್ಕಾ, ಹೌದು ಅಂತ ಯಾಕ ಅಂದಿ? ಕಾಲು ಜಾರಿತು ಅಂದಿದ್ರ ಆಗ್ತಿತ್ತಲ್ಲ!"

"ಕಾಲು ಎಲ್ಲಿ ಜಾರಿತು? ಗುರಿ ಇಟ್ಟು ಹಾಕೀನಿ."

"ಈಗಾದ್ರೂ ಹೇಳು."

"ಅಲ್ಲಪ್ಪ, ಕಾಲು ಜಾರಿ ಬಿದ್ದ ನೀರು ಓಕುಳಿ ಆಗ್ತದೇನು? ಆ ಮುದುಕಮ್ಮ ಮಾನ್ವ್ಯಾಗ ಕುಂತು ಕೇಳ್ತಾಳ. ಮತ್ತ ನನ್ನ ಬೀಗ ಒಣಗೇ ಉಳಿತಾನ."

ದಸ್ತಗೀರ್ ನಗು ತಡೆದುಕೊಂಡು ಚಹಾ ತರಿಸಿದ. ಚಹಾ ಕುಡಿಯುತ್ತಾ ತಿಳಿಸಿ ಹೇಳಿದ. ಹಿಂದೆಲ್ಲ ಕೋರ್ಟು ತಪ್ಪು ಆಗಿದೆಯೋ ಇಲ್ಲವೋ, ವಿಚಾರಣೆ ಸರಿಯಾಗಿ ನಡೆದಿದೆಯೋ ಇಲ್ಲವೋ ಎಂದಷ್ಟೇ ನೋಡುತ್ತಿತ್ತು. ಎರಡೂ ಸರಿಯಿದ್ದರೆ ಶಿಕ್ಷೆ ಎಷ್ಟು ಅನ್ನುವುದು ಧಣಿಯ ಮರ್ಜಿ. ಕೆಲವು ವರ್ಷಗಳ ಹಿಂದೆ ಕಾನೂನಿಗೆ ಹೊಸದೊಂದು ಕಲಂ ಸೇರಿಸಿದ್ದಾರೆ. ಕೆಲಸದಿಂದ ತೆಗೆದು ಹಾಕಿದ ಕೇಸು ಬಂದರೆ ಕಾರ್ಮಿಕ ಕೋರ್ಟು ಶಿಕ್ಷೆಯನ್ನೂ ತೂಗಿ ನೋಡಬಹುದು. ತಪ್ಪು ಸಣ್ಣದು ಶಿಕ್ಷೆ ದೊಡ್ಡದು ಅನಿಸಿದರೆ, ಆ ಶಿಕ್ಷೆ ತೆಗೆದು ಸಣ್ಣದನ್ನು ಕೊಡಬಹುದು.

"ಅಂದ್ರ ನಾ ಸುಳ್ಳು ಹೇಳೋದು ಬೇಕಾಗಿಲ್ಲ?"

"ಬೇಕಾಗಿಲ್ಲ. ತಪ್ಪು ಒಪ್ಪಿಕೊಂಡೇ ನ್ಯಾಯ ಕೇಳಬಹುದು."

"ಇಂಥ ಚಲೋ ಕಲಂ ಇಟ್ಕೊಂಡು ಮತ್ಯಾಕ ಹಣಿ ಹಣಿ ಬಡ್ಕೊಂಡಿ?" ಎಂದಳು ದುರುಗಮ್ಮ.

ಕಾನೂನಿನ ದಾರಿ ಎಂದರೆ ಎತ್ತಿನ ಗಾಡಿಯ ದಾರಿ. ಲೇಬರ್ ಆಫೀಸರರ ಮುಂದೆ ರಾಜಿ ಮಾತು ನಡೆದು ಮುರಿಯಿತು. ಸರಕಾರ ಕೇಸನ್ನು ಕಾರ್ಮಿಕ ಕೋರ್ಟಿಗೆ ಕಳಿಸುವ ಹೊತ್ತಿಗೆ ಮತ್ತೊಂದು ಹಂಗಾಮು ಮುಗಿದಿತ್ತು. ಅಷ್ಟು ದಿನ ದುರುಗಮ್ಮ ಬಸ್ ಸ್ಟ್ಯಾಂಡಿನ ಹತ್ತಿರ ಮಂಡಕ್ಕಿಯ ಮಂಡಾಳ ಒಗ್ಗರಣಿ, ಮಿರ್ಚಿ ಮಾರಿದಳು. ಮಿರ್ಚಿ ಚೆನ್ನಾಗಿಯೇ ಖರ್ಚಾಗುತ್ತಿತ್ತು. ಆದರೆ ಮಿಲ್ಲಿನ ಭೋಂಗಾ ಕೂಗಿದಾಗೆಲ್ಲ ಆಕೆಯ ಕೈ ಎಣ್ಣೆಯ ಬಾಣಲೆಯ ಮೇಲೆ ನಿಂತುಬಿಡುತ್ತಿತ್ತು. ಜಿನ್ನಿನ ಧೂಳು ತಿಂದು ಬದುಕಿದ ಜೀವ, ತನ್ನ ಜಾಗದಲ್ಲಿ ಬೇರೆ ಯಾರೋ ನಿಂತು ಹತ್ತಿ ಹಾಕುವುದನ್ನು ನೆನೆದು ಹೊಟ್ಟೆ ಉರಿಯುತ್ತಿತ್ತು. ರಾತ್ರಿ ನೂರ್ ಬೀ ಬಂದರೆ ಆಕೆಯ ತಲೆಗೂದಲಲ್ಲಿ ಅಂಟಿದ ಅರಳೆಯನ್ನು ಬಿಡಿಸುತ್ತಾ, "ನನ್ನ ಜಿನ್ನು ಹೆಂಗದಬೇ?" ಎಂದು ಕೇಳುತ್ತಿದ್ದಳು. ಎಮ್ಮೆ ಮಾರಿದವಳು ಕೇಳಿದ ಹಾಗೆ ಕೇಳ್ತೀಯಲ್ಲ ಎಂದು ನೂರ್ ಬೀ ನಗುವಳು.

ಸೂಗಪ್ಪನಿಗೂ ದುರುಗಮ್ಮನಿಗೂ ಮಾತು ನಿಂತಿತ್ತು. ಆದರೆ ಮಗಳು ಇರುವುದು ಆ ಮನೆಯಲ್ಲಿ, ಹೋಗದೆ ಹೇಗೆ? ಹೋದ ಬೀಗತಿಗೆ ಉಣ್ಣಲು ಇಡದೆ ಹೇಗೆ? ಪಂಚಮಿಗೆ ಮಗಳನ್ನು ಕರೆಯಲು ಹೋದಾಗ ಸೂಗಪ್ಪ ಗೋಡೆಯ ಕಡೆ ಮುಖ ಮಾಡಿ ಕುಳಿತ, ದುರುಗಮ್ಮ ಬಾಗಿಲಿನ ಕಡೆ. ನಡುವೆ ಪಾರ್ವತಿ ರೊಟ್ಟಿ ಹಿಡಿದು ನಿಂತಳು.

"ಪಾರ್ವತಿ, ನಿಮ್ಮವ್ವಗ ಕೇಳು, ಇನ್ನೊಂದು ರೊಟ್ಟಿ ಹಾಕ್ಲೇನಂತ."

"ಪಾರ್ವತಿ, ನಿಮ್ಮ ಮಾವಗ ಹೇಳು, ಕೆಲಸ ಕಸ್ಗೊಂಡವ್ರು ರೊಟ್ಟಿ ಹಾಕಿದ್ರ ಗಂಟಲಾಗ ಇಳಿಯಂಗಿಲ್ಲಂತ."

"ಪಾರ್ವತಿ, ನಿಮ್ಮವ್ವಗ ಹೇಳು, ಕೋರ್ಟಿನಾಗ ನಾ ಇದ್ದದ್ದ ಹೇಳಾವ ಅದೀನಿ. ನೀರು ಹಾಕಿದ್ದು ಹಾಕ್ಯಾಳ."

"ಪಾರ್ವತಿ, ನಿಮ್ಮ ಮಾವಗ ಹೇಳು, ಇದ್ದದ್ದು ಹೇಳಾಕ ಹೋದ್ರ ಪೂರಾ ಹೇಳಬೇಕಂತ. ಅರ್ಧ ಹೇಳಿ ಬಾಯಿ ಮುಚ್ಕೊಂಡ್ರ ಅದು ಸುಳ್ಳಂತ."

"ನೀವಿಬ್ರೂ ಏನಾರ ಮಾಡ್ಕೋರಿ, ನನ್ನ ಕೈ ಸುಡಾಕತ್ತದ!" ಎಂದು ಪಾರ್ವತಿ ಬಿಸಿ ರೊಟ್ಟಿಯನ್ನು ಅವ್ವನ ತಟ್ಟೆಗೆ ಎಸೆದು ಒಳಗೆ ಹೋದಳು. ದುರುಗಮ್ಮ ಆ ರೊಟ್ಟಿಯನ್ನು ತಿಂದಳು. ಚೆನ್ನಾಗಿಯೂ ಇಳಿಯಿತು.

ಕೋರ್ಟಿನ ತಾರೀಕು ಹತ್ತಿರ ಬಂದಾಗ ಮಿಲ್ಲಿನವರು ಒಂದು ಮಾತು ಕಳಿಸಿದರು. ಎಲ್ಲರ ಎದುರು ಕೈ ಮುಗಿದು, ದ್ವೇಷದಿಂದ ಮಾಡಿದೆ ತಪ್ಪಾಯಿತು ಎಂದು ಬರೆದುಕೊಟ್ಟರೆ ಹಂಗಾಮಿನ ಕೂಲಿಯಾಗಿ ತೆಗೆದುಕೊಳ್ಳುತ್ತಾರಂತೆ. ಕಾಯಂ ಅಲ್ಲ, ಆದರೆ ಜಿನ್ನಿನ ಮುಂದೆ ನಿಲ್ಲಬಹುದು. ಕೋರ್ಟಿನಲ್ಲಿ ಸೋತರೆ ಅದೂ ಇಲ್ಲ. ದಸ್ತಗೀರ್ ಎರಡು ಕಡೆಯೂ ಹೇಳಿ, ನೀನೇ ಯೋಚಿಸು ಎಂದ.

ದುರುಗಮ್ಮ ಇಡೀ ದಿನ ಮಿರ್ಚಿ ಕರಿಯುತ್ತಾ ಯೋಚಿಸಿದಳು. ಹೂಂ ಅನ್ನಬೇಕೆಂದು ಮನಸ್ಸು ಜಗ್ಗುತ್ತಿತ್ತು. ಸಂಜೆ ಅಟ್ಟ ಹತ್ತಿ ಬಂದು ಹೇಳಿದಳು, "ಆಗಂಗಿಲ್ಲಪ್ಪ. ದ್ವೇಷ ಅಂತ ನಾ ಬರ್ಕೊಟ್ರ, ದ್ವೇಷದ ಮನಿಗೆ ನನ್ನ ಮಗಳನ್ನ ಕೊಟ್ಟೀನಿ ಅಂದಂಗಾತು. ಆಕಿ ಈಗ ಬಸುರಿ ಅದಾಳ. ಹುಟ್ಟೋ ಕೂಸಿಗೆ ಏನಂತ ಹೇಳ್ಲಿ?" ಹೇಳುತ್ತಾ ಅತ್ತುಬಿಟ್ಟಳು. ಆ ಬಾಯಿಗಾರ್ತಿ ಅತ್ತದ್ದನ್ನು ದಸ್ತಗೀರ್ ಅವತ್ತೇ ಮೊದಲು ನೋಡಿದ್ದು. ಅವನು ಚಹಾ ತರಿಸಿದ.

ಹೊರಗಿನ ಊರಿನಿಂದ ಬರುವ ಕಾರ್ಮಿಕ ಕೋರ್ಟು ರಾಯಚೂರಿನಲ್ಲಿ ಕ್ಯಾಂಪ್ ಹಾಕಿ ಕೂಡುತ್ತಿತ್ತು. ಜಜ್ ಸಾಹೇಬರು ಮೈಸೂರು ಕಡೆಯವರು, ಬಿಸಿಲಿಗೆ ಕೆಂಪಾಗಿ, ಫ್ಯಾನಿನ ಕೆಳಗೆ ಕುಳಿತು ಪದೇಪದೇ ನೀರು ಕುಡಿಯುತ್ತಿದ್ದರು. ಸಣ್ಣ ಧಣಿ ಮುಂದಿನ ಕುರ್ಚಿಯಲ್ಲಿ ಕಾಲ ಮೇಲೆ ಕಾಲು ಹಾಕಿ ಕುಳಿತಿದ್ದ. ಹಿಂದಿನ ಬೆಂಚಿನಲ್ಲಿ ಮಿಲ್ಲಿನ ಹೆಂಗಸರು. ಎಲ್ಲರಿಗಿಂತ ಹಿಂದೆ, ಬಾಗಿಲ ಹತ್ತಿರ, ಯಾರೂ ಕರೆಯದಿದ್ದರೂ ಮಾನ್ವಿಯಿಂದ ಮೊದಲ ಬಸ್ಸಿಗೇ ಬಂದು ಕುಳಿತಿದ್ದಳು ಮುದುಕಮ್ಮ. ಕಲ್ಮಲದ ತನಕ ನಿಂತೇ ಬಂದೆ, ಯಾರೂ ಸೀಟು ಬಿಡಲಿಲ್ಲ ಎಂದು ಪಕ್ಕದವರಿಗೆಲ್ಲ ಹೇಳುತ್ತಿದ್ದಳು.

ಸೂಗಪ್ಪ ಮಿಲ್ಲಿನ ಕಡೆಯ ಸಾಕ್ಷಿ. ಕಟಕಟೆ ಹತ್ತಿದ. ಮಿಲ್ಲಿನ ವಕೀಲರು ಕೇಳಿದ್ದಕ್ಕೆಲ್ಲ ಹೌದು ಎಂದ. ಈಕೆಯೇ ನೀರು ಹಾಕಿದ್ದು? ಹೌದು. ಎಲ್ಲರೆದುರು? ಹೌದು. ದೂರಿನ ಮೇಲಿನ ಸಹಿ ನಿಮ್ಮದು? ಹೌದು. ವಕೀಲರು ತೃಪ್ತಿಯಿಂದ ಕುಳಿತರು.

ದಸ್ತಗೀರ್ ಎದ್ದು ನಿಂತ. "ಸೂಗಪ್ಪ ಅವರೇ, ಈಕೆ ನಿಮಗೆ ಏನಾಗಬೇಕು?"

"ಬೀಗತೇರು."

"ಮದುವೆಯಲ್ಲಿ ನಿಮಗೆ ಓಕುಳಿ ಆಗಿತ್ತೇನು?"

"ಇಲ್ಲರಿ. ಲಾರಿ ಬಂದಿತ್ತು."

ಜಜ್ ಸಾಹೇಬರು ಕನ್ನಡಕ ತೆಗೆದರು. "ಸ್ವಲ್ಪ ತಡೆಯಿರಿ. ಬೀಗರ ಓಕುಳಿ ಅಂದರೇನು?"

ಅಷ್ಟೇ ಸಾಕಾಯಿತು. ನೂರ್ ಬೀ ಒಂದು ಹೇಳಿದಳು, ಬೆಂಚಿನ ಹೆಂಗಸರು ನಾಲ್ಕು ಹೇಳಿದರು, ನೀರು ಕೊಡುವ ಜವಾನನೂ ತನ್ನ ತಂಗಿಯ ಮದುವೆಯ ಕಥೆ ಶುರು ಮಾಡಿದ. ಸಾಹೇಬರು ಮೇಜು ಕುಟ್ಟಿ ಎಲ್ಲರನ್ನೂ ಸುಮ್ಮನಿರಿಸಿದರು. ಆಮೇಲೆ ಸೂಗಪ್ಪನ ಕಡೆ ತಿರುಗಿದರು.

"ನೀವೇ ಹೇಳಿ. ಈಕೆ ನೀರು ಹಾಕದೇ ಇದ್ದಿದ್ದರೆ ನಿಮಗೆ ಏನನ್ನಿಸುತ್ತಿತ್ತು?"

ಸೂಗಪ್ಪ ಸಣ್ಣ ಧಣಿಯ ಕಡೆ ನೋಡಿದ. ಸಣ್ಣ ಧಣಿ ಅವನನ್ನೇ ನೋಡುತ್ತಿದ್ದ. ಅವನ ಕಣ್ಣು ಅಲ್ಲಿಂದ ಸರಿದು ಬಾಗಿಲ ಹತ್ತಿರ ಹೋಯಿತು. ಅಲ್ಲಿ ಅವನ ತಾಯಿ ಕೋಲಿನ ಮೇಲೆ ಗದ್ದ ಊರಿ ಕುಳಿತಿದ್ದಳು. ಅವನು ಟೊಪ್ಪಿಗೆ ತೆಗೆದು ಕೈಯಲ್ಲಿ ಹಿಡಿದುಕೊಂಡ.

"ನಿಜ ಹೇಳ್ತೀನ್ರಿ ಸಾಹೇಬ್ರ. ಒಣ ಅಂಗಿಲೆ ಮನಿಗೆ ಹೋದಾಗ ನಮ್ಮವ್ವ ನನಗ ಊಟಕ್ಕ ಇಕ್ಕಲಿಲ್ಲ. ನನ್ನ ಹೊಟ್ಟ್ಯಾಗೂ ಸಂಕಟ ಆಗಿತ್ತು. ಇವ್ರು ನಮ್ಮನ್ನ ಸಣ್ಣವ್ರಂತ ತಿಳದಾರೇನೋ ಅನಿಸಿತ್ತು. ನೀರು ಬಿದ್ದ ದಿನ..." ಅವನು ಟೊಪ್ಪಿಗೆಯನ್ನು ಇನ್ನೊಂದು ಕೈಗೆ ಬದಲಿಸಿದ. "ನೀರು ಬಿದ್ದಾಗ ಜೀವ ತಂಪಾತ್ರಿ."

"ಮತ್ತೆ ದೂರಿಗೆ ಸಹಿ ಯಾಕೆ ಹಾಕಿದಿರಿ?"

"ಹೊಸಾ ಮೇಸ್ತ್ರಿ ಇದ್ದೆರಿ. ಸಣ್ಣ ಧಣೇರು ನಕ್ಕಿದ್ರ ನಾನೂ ನಗತಿದ್ದೆ. ಅವ್ರು ನಗಲಿಲ್ಲ."

ಬಾಗಿಲ ಕಡೆಯಿಂದ ಮುದುಕಮ್ಮ, "ಈಗ ನೋಡು, ನನ್ನ ಮಗ!" ಎಂದಳು. ಜವಾನ ಶ್ ಎಂದ. "ಯಾರಾಕೆ?" ಎಂದರು ಸಾಹೇಬರು. "ಅವ್ನ ಹಡದಾಕಿರಿ," ಎಂದು ಮುದುಕಿಯೇ ಎದ್ದು ನಿಂತು ಕೈ ಮುಗಿದಳು. ಸಾಹೇಬರು ನೀರಿನ ಲೋಟ ಎತ್ತಿ ಬಾಯಿಗಿಟ್ಟುಕೊಂಡು ಬಹಳ ಹೊತ್ತು ಕುಡಿದರು. ಲೋಟದ ಹಿಂದೆ ಅವರು ನಗುತ್ತಿದ್ದರೆಂದು ನೂರ್ ಬೀ ಈಗಲೂ ಆಣೆ ಮಾಡಿ ಹೇಳುತ್ತಾಳೆ.

ಕೊನೆಗೆ ದುರುಗಮ್ಮನ ಸರದಿ. ಕೇಳಿದಷ್ಟೇ ಹೇಳು ಎಂದು ದಸ್ತಗೀರ್ ದಾರಿಯುದ್ದಕ್ಕೂ ಹೇಳಿಕೊಟ್ಟಿದ್ದ. ಆಕೆ ಎಲ್ಲಿ ಕೇಳುವಳು!

"ಸಾಹೇಬ್ರ, ಬೀಗಗ ನೀರು ಹಾಕಿದ್ದು ತಪ್ಪಂತ ನಾ ಹೇಳಂಗಿಲ್ಲ. ನೀವು ನೂರು ಸಲ ಕೇಳಿದ್ರೂ ಹೇಳಂಗಿಲ್ಲ. ಆದ್ರ ಅರಳಿ ಮ್ಯಾಲ ಹನಿ ಬಿತ್ತಲ್ಲ, ಅದು ನನ್ನ ತಪ್ಪು. ನೋಡಿ ಹಾಕಬೇಕಿತ್ತು, ನೋಡಲಿಲ್ಲ. ಹತ್ತಿ ಕೆಲಸದಾಕಿ ನಾ, ನನಗ ಗೊತ್ತಿರಬೇಕಿತ್ತು. ಅದಕ್ಕ ಶಿಕ್ಷಿ ಕೊಡ್ರಿ, ಬ್ಯಾಡ ಅನ್ನಂಗಿಲ್ಲ."

"ಮಿಲ್ಲಿನವರು ಕೊಟ್ಟಿದ್ದಾರಲ್ಲಮ್ಮ."

"ಅದು ಶಿಕ್ಷಿ ಅಲ್ರಿ ಸಾಹೇಬ್ರ. ಕೂಸು ಹಾಲು ಚೆಲ್ಲಿದ್ರ ಒಂದು ಏಟು ಹಾಕ್ತಾರ, ಮನಿ ಬಿಟ್ಟು ಓಡಸಂಗಿಲ್ಲ. ನನ್ನ ಸಾಲಿನಾಗ ಯಾವುದಾರ ಹುಡಿಗಿ ಹಿಂಗ ಮಾಡಿದ್ರ ನಾ ಏನ್ ಮಾಡ್ತಿದ್ದೆ ಗೊತ್ತೇನು? ಬಾಯಿಗೆ ಬಂದಂಗ ಬೈತಿದ್ದೆ, ಹೊರಗ ಕುಂದರಸ್ತಿದ್ದೆ. ಆಮ್ಯಾಲ ಕರೀತಿದ್ದೆ. ಕರೀಲೇಬೇಕಲ್ರಿ, ಕೆಲಸ ಯಾರು ಮಾಡಬೇಕು?"

ಮಿಲ್ಲಿನ ವಕೀಲರು ಎದ್ದು ಶಿಸ್ತಿನ ಬಗ್ಗೆ ಉದ್ದಕ್ಕೆ ಮಾತಾಡಿದರು. ಇವತ್ತು ಬೀಗ ಅಂತ ಬಿಟ್ಟರೆ ನಾಳೆ ಮೈದುನ ಅಂತ ಬರುತ್ತಾರೆ ಎಂದರು. ಸಾಹೇಬರು ಎಲ್ಲವನ್ನೂ ಬರೆದುಕೊಂಡರು.

ತೀರ್ಪು ಬರುವುದಕ್ಕೆ ಮಳೆಗಾಲ ಕಳೆಯಿತು. ಅಷ್ಟರಲ್ಲಿ ಪಾರ್ವತಿಗೆ ಗಂಡು ಕೂಸಾಯಿತು. ಒಂದು ಮಧ್ಯಾಹ್ನ ದಸ್ತಗೀರ್ ಸೈಕಲ್ಲಿನಲ್ಲಿ ಬಸ್ ಸ್ಟ್ಯಾಂಡಿಗೆ ಬಂದ. ಮುಖ ನೋಡಿದರೇ ಗೊತ್ತಾಗುತ್ತಿತ್ತು. ಆದರೂ ದುರುಗಮ್ಮ, "ಮೊದಲ ಹೇಳು, ಆಮ್ಯಾಲ ನಗು," ಎಂದಳು.

ತಪ್ಪು ಆದದ್ದು ನಿಜ, ಮಾಲಿನ ಹತ್ತಿರ ನೀರು ತಂದದ್ದು ಬೇಜವಾಬ್ದಾರಿ, ಹಾಗೆಂದು ಕೋರ್ಟು ಬರೆದಿತ್ತು. ಆದರೆ ಇಷ್ಟು ವರ್ಷ ಒಂದು ದೂರೂ ಇಲ್ಲದೆ ದುಡಿದವಳನ್ನು, ದ್ವೇಷವಿಲ್ಲದೆ ಮಾಡಿದ ಇಂಥ ತಪ್ಪಿಗೆ ಕೆಲಸದಿಂದಲೇ ತೆಗೆಯುವುದು ಅತಿಯಾಯಿತು ಎಂದೂ ಬರೆದಿತ್ತು. ಆ ಶಿಕ್ಷೆ ರದ್ದು. ಕಾಯಂ ಕೆಲಸ ವಾಪಸ್ಸು. ಹೊರಗಿದ್ದ ದಿನಗಳ ಪಗಾರ ಸಿಗುವುದಿಲ್ಲ, ಅದೇ ಆಕೆಯ ಶಿಕ್ಷೆ.

"ಪರ್ಮನೆಂಟ್?" ಎಂದಳು ದುರುಗಮ್ಮ.

"ಪರ್ಮನೆಂಟ್."

ದುರುಗಮ್ಮ ಅವತ್ತು ಬಾಣಲೆಯಲ್ಲಿದ್ದ ಮಿರ್ಚಿಯನ್ನೆಲ್ಲ ಬಸ್ ಸ್ಟ್ಯಾಂಡಿನಲ್ಲಿ ಇದ್ದವರಿಗೆ ಪುಕ್ಕಟೆ ಹಂಚಿದಳು. ದೇವದುರ್ಗದ ಬಸ್ಸಿನ ಡ್ರೈವರು ನಾಲ್ಕು ತಿಂದು, ದಿನಾ ಒಬ್ಬರು ಹೀಗೆ ಕೇಸು ಗೆಲ್ಲಲಿ ಎಂದು ಹರಸಿದ.

ಮರುದಿನ ಆಕೆ ಹೊಸ ಸೀರೆ ಉಟ್ಟು ಮಿಲ್ಲಿಗೆ ಹೋದಳು. ಪೀರಾ ಸಾಬ್ ಗೇಟನ್ನು ಪೂರ್ತಿ ತೆರೆದ, ಲಾರಿಗೆ ತೆರೆಯುವ ಹಾಗೆ. ಹೆಂಗಸರು ಸುತ್ತುಗಟ್ಟಿದರು. ಆಕೆಯ ಕಣ್ಣು ಅವರ ತಲೆಗಳ ಮೇಲಿಂದ ಯಾರನ್ನೋ ಹುಡುಕುತ್ತಿತ್ತು. ಎರಡು ವರ್ಷದಿಂದ ನಿಂತಿದ್ದ ಮಾತನ್ನು ಇವತ್ತು ತಾನೇ ಮೊದಲು ಆಡಬೇಕೆಂದು ದಾರಿಯಲ್ಲೇ ನಿಶ್ಚಯ ಮಾಡಿಕೊಂಡಿದ್ದಳು. ಮೇಸ್ತ್ರಿಯ ಜಾಗದಲ್ಲಿ ಬೇರೆ ಒಬ್ಬ ನಿಂತಿದ್ದ.

"ನಮ್ಮ ಬೀಗರೆಲ್ಲಿ?" ಎಂದು ಕೇಳಿದಳು.

ನೂರ್ ಬೀ ಪ್ರೆಸ್ಸಿನ ಕಡೆ ಕೈ ತೋರಿಸಿದಳು. ಅಲ್ಲಿ ಸೂಗಪ್ಪ ಬಗ್ಗಿದ ಬೆನ್ನಿನ ಮೇಲೆ ಬೇಲು ಹೊತ್ತು ಲಾರಿಯ ಹಲಗೆ ಹತ್ತುತ್ತಿದ್ದ. ಕೋರ್ಟಿನ ತೀರ್ಪು ಬಂದ ಸಂಜೆಯೇ ಸಣ್ಣ ಧಣಿ ಅವನ ಮೇಸ್ತ್ರಿಕೆ ಕಿತ್ತುಕೊಂಡಿದ್ದ. ಕಟಕಟೆಯಲ್ಲಿ ಆಡಿದ ಮಾತಿಗೆ ಸಿಕ್ಕ ಬಹುಮಾನ ಅದು. ಆ ವಯಸ್ಸಿಗೆ ಹಲಗೆಯ ನಡುವೆ ಒಮ್ಮೆ ನಿಂತು ಸುಧಾರಿಸಿಕೊಳ್ಳುತ್ತಿದ್ದ.

ದುರುಗಮ್ಮ ಜಿನ್ನಿನ ಕಡೆ ಹೋಗಲೇ ಇಲ್ಲ. ನೆಟ್ಟಗೆ ಲಾರಿಯ ಹತ್ತಿರ ಹೋಗಿ, ಅವನು ಬೇಲು ಇಳಿಸುವ ತನಕ ಕಾದು, ಅವನ ತೋಳು ಹಿಡಿದಳು. ಮಧ್ಯಾಹ್ನದ ಭೋಂಗಾ ಆದದ್ದೇ ಅವನನ್ನು ಎಳೆದುಕೊಂಡು ತೀನ್ ಕಂದೀಲಿನ ಅಟ್ಟ ಹತ್ತಿದಳು. ಹಿಂದೆ ನೂರ್ ಬೀ, ಅವಳ ಹಿಂದೆ ಆರೇಳು ಹೆಂಗಸರು.

"ದಸ್ತಗೀರಪ್ಪ, ಅರ್ಜಿ ಬರಿ. ನನಗ ಹಾಕಿದ್ದ ಕಲಂ ಹಾಕು. ಶಿಕ್ಷಿ ಹೆಚ್ಚಾತಂತ ಬರೀ."

ದಸ್ತಗೀರ್ ತಲೆ ಕೆರೆದುಕೊಂಡ. "ಅಕ್ಕಾ, ಆ ಕಲಂ ಕೆಲಸದಿಂದ ತೆಗೆದವ್ರಿಗೆ ಅಷ್ಟ ಅದ. ಮೇಸ್ತ್ರಿಕಿ ಕಸ್ಗೊಂಡ್ರ ಅದು ಬೇರೆ ರಸ್ತಾ. ಉದ್ದದ ರಸ್ತಾ."

"ಉದ್ದ ಇರ್ಲಿ. ನಡಿಯಾಕ ನಾವು ಇಷ್ಟು ಮಂದಿ ಅದೀವಿ."

ಸೂಗಪ್ಪ ಬಾಗಿಲಲ್ಲೇ ನಿಂತಿದ್ದ. ಪಾರ್ವತಿಯ ನಡುವಿಲ್ಲದೆ ಬೀಗತಿಯ ಜೊತೆ ನೇರ ಮಾತಾಡಿ ಅವನಿಗೆ ರೂಢಿ ತಪ್ಪಿತ್ತು. ಬೆವರು ಒರೆಸಿಕೊಂಡು, "ಬ್ಯಾಡ್ರಿ ಬೀಗತೇರ," ಎಂದ. "ನಿಮ್ಮ ಕೆಲಸಕ್ಕ ಮತ್ತ ಕುತ್ತು ಬಂದೀತು. ಬೇಲು ಹೊರೋದು ನನಗ ಹೊಸಾದಲ್ಲ. ಹೊರಾಕ ಬರ್ತದ ನನಗ."

"ನಿಮಗ ಹೊರಾಕ ಬರ್ತದ, ಗೊತ್ತದ," ಎಂದಳು ದುರುಗಮ್ಮ. "ನನಗ ನೋಡಾಕ ಬರಂಗಿಲ್ಲ ಬೀಗರ."

ಸೂಗಪ್ಪ ಚಪ್ಪಲಿ ಬಿಟ್ಟು ಒಳಗೆ ಬಂದ. ನೂರ್ ಬೀ ಬೆಂಚಿನ ಮೇಲೆ ಸರಿದು ಅವನಿಗೆ ಜಾಗ ಮಾಡಿಕೊಟ್ಟಳು. ದಸ್ತಗೀರ್ ಹೊಸ ಕಾಗದ ತೆಗೆದು, ಪೂರ್ತಿ ಹೆಸರು ಹೇಳಿರಿ ಎಂದ.